ನರಿಯ ಪಾದಕ್ಕೆ ಕೆಂಪು ಚುಕ್ಕೆ

ಕೆಲವರ ಕಸುಬು ಒಂದೇ ಮಾತಿನಲ್ಲಿ ಹೇಳಿ ಮುಗಿಯುತ್ತದೆ. ಮಾಸ್ತರು ಎಂದರೆ ಮಾಸ್ತರು, ದರ್ಜಿ ಎಂದರೆ ದರ್ಜಿ. ನನ್ನದು ಹಾಗಲ್ಲ. ಎರಡು ಕಪ್ ಚಹಾ ಮುಗಿದರೂ ಎದುರಿಗೆ ಕುಳಿತವರ ಹುಬ್ಬು ಕೆಳಗಿಳಿದಿರುವುದಿಲ್ಲ. ನಾನು ಆಟಿಕೆಗಳನ್ನು ರೂಪಿಸುವ ಕಲಾವಿದ. ಇಷ್ಟಕ್ಕೇ ನಿಲ್ಲಿಸಿದರೆ ಜನ ಮೆಚ್ಚಿ ತಲೆಯಾಡಿಸುತ್ತಾರೆ. ಆದರೆ ಬಾಯಿ ಸುಮ್ಮನಿರಬೇಕಲ್ಲ, ಮುಂದುವರಿಸುತ್ತೇನೆ: ಈ ಆಟಿಕೆಗಳೊಂದಿಗೆ ಯಾರೂ ಆಡುವುದಿಲ್ಲ. ಕೊಳ್ಳುವವರೆಲ್ಲ ಮೀಸೆ ನರೆತವರು. ಕೊಂಡದ್ದನ್ನು ಗಾಜಿನ ಕಪಾಟಿನಲ್ಲಿಟ್ಟು, ಮಕ್ಕಳು ಆ ಕೋಣೆಗೆ ಕಾಲಿಡದಂತೆ ಕಾವಲು ಕಾಯುತ್ತಾರೆ. ಹೆಣ್ಣು ನೋಡಲು ನಾಸಿಕದಿಂದ ಔರಂಗಾಬಾದಿಗೆ, ಅಂದರೆ ಈಗಿನ ಸಂಭಾಜಿನಗರಕ್ಕೆ ಹೋದಾಗ, ಬೀದರ ಮೂಲದ ನನ್ನ ಭಾವಿ ಮಾವ, "ಹುಡುಗ ಏನ್ ಮಾಡ್ತಾನ್ರಿ?" ಎಂದು ಕೇಳಿದರು. ನಾನು ಬಾಯಿ ತೆರೆಯುವ ಮೊದಲೇ ಅಪ್ಪ, "ಮ್ಯಾನುಫ್ಯಾಕ್ಚರಿಂಗ್ ಲೈನ್‌ನ್ಯಾಗ ಅದಾನ್ರಿ" ಎಂದು ಹೇಳಿ ಉಪ್ಪಿಟ್ಟಿನ ತಟ್ಟೆ ಹತ್ತಿರಕ್ಕೆ ಎಳೆದುಕೊಂಡರು. ಮದುವೆ ಆಯಿತು.

ಮಾವನಿಗೆ ಅಲ್ಲಿ ಸೀರೆ ಅಂಗಡಿಯಿದೆ. ನಾನು ತಯಾರಿಸುವುದೇನೆಂದು ಮದುವೆಯಾದ ಮೇಲೆ ಗೊತ್ತಾದಾಗ ಅವರು ಸಿಟ್ಟಾಗಲಿಲ್ಲ, ಕಾಯಿಲೆ ಬಿದ್ದವರನ್ನು ಮಾತಾಡಿಸುವ ದನಿಯಲ್ಲಿ, "ದೀವಳಗಿ ತನಕಾ ನೋಡ್ರಿ ಅಳಿಯಂದ್ರೇ. ಆಗ್ಲಿಲ್ಲಂದ್ರ ದುಕಾನಿಗಿ ಬಂದು ಕೂಡ್ರಿ, ಗಲ್ಲಾ ಹಂತ್ಯಾಕ ಜಾಗಾ ಅದ" ಎಂದರು. ಸೀರೆ ಮಾರುವುದು ಕೀಳು ಕೆಲಸವೇನಲ್ಲ. ಆದರೆ ದಿನವಿಡೀ ಸೀರೆ ಬಿಚ್ಚಿ ಹರವಿ, ಯಾರೂ ಕೊಳ್ಳದೆ ಎದ್ದು ಹೋದ ಮೇಲೆ ನಗುಮುಖದಿಂದ ಮಡಚುವುದಕ್ಕೆ ಬೇಕಾದ ದೊಡ್ಡ ಮನಸ್ಸು ನನಗಿಲ್ಲ. ಅದು ನನಗೂ ಗೊತ್ತು, ಹೆಂಡತಿ ಸುನಂದಾಳಿಗೂ ಗೊತ್ತು. ಹಾಗಾಗಿ ಆ ವರ್ಷ ನನಗೆ ದೀಪಾವಳಿಯೆಂದರೆ ಪಟಾಕಿಗಿಂತ ಹೆಚ್ಚು ಭಯ.

ಆಗ ನನ್ನನ್ನು ಸಾಕುತ್ತಿದ್ದುದು ಒಂದು ನರಿ. ನಾಸಿಕದ ಹತ್ತಿರದ ದಿಂಡೋರಿಯ ಕಡೆ ದ್ರಾಕ್ಷಿತೋಟಕ್ಕೆ ನುಗ್ಗಿ, ಹೊಟ್ಟೆ ಬಿರಿಯುವಂತೆ ತಿಂದು, ಏಳಲಾಗದೆ ಕಾಲು ಚಾಚಿ ಕುಳಿತ ನರಿ. ಗೇಣುದ್ದದ ಬೊಂಬೆ. ಸಂಭಾಜಿನಗರದ ಒಂದು ಚಿಕ್ಕ ಕಾರ್ಖಾನೆಯಲ್ಲಿ ಅಚ್ಚಿಗೆ ರಾಳ ಸುರಿದು ಮೈ ಮಾಡಿಸುತ್ತಿದ್ದೆ. ನಾಸಿಕಕ್ಕೆ ತಂದು ಉಜ್ಜಿ, ಕೈಯಿಂದ ಬಣ್ಣ ಬಳಿದು, ಬಾಲ್ಕನಿಯಲ್ಲಿ ಮರಾಠಿ ಪೇಪರಿನ ಮೇಲೆ ಒಣಗಿಸುತ್ತಿದ್ದೆ. ಅಲ್ಲೇ ತೊಂದರೆ ಶುರುವಾದದ್ದು. ಅಪ್ಪ ಓಝರ್ ಹತ್ತಿರದ ವಿಮಾನ ಕಾರ್ಖಾನೆಯಲ್ಲಿ ಬಿಡಿಭಾಗಗಳ ತಪಾಸಣೆ ಮಾಡಿಯೇ ತಲೆ ನರೆಯಿಸಿಕೊಂಡವರು. ನಿವೃತ್ತಿಯಾದ ಮೇಲೆ ತಪಾಸಣೆಗೆ ಏನೂ ಸಿಗದೆ ಮೊದಲು ಚಪಾತಿಗಳ ದುಂಡು ನೋಡಿದರು. ಅಮ್ಮ ಲಟ್ಟಣಿಗೆ ಅವರ ಕೈಗೇ ಕೊಟ್ಟ ಮೇಲೆ ಅದು ನಿಂತಿತು. ಆಮೇಲೆ ಅವರ ಕಣ್ಣು ನರಿಗಳ ಮೇಲೆ ಬಿತ್ತು. ಕಪಾಟಿನಿಂದ, ಕೂದಲೆಳೆಯನ್ನೂ ಅಳೆಯುವ ವರ್ನಿಯರ್ ಇಳಿಯಿತು. "ಡ್ರಾಯಿಂಗ್ ಎಲ್ಲದ?" ಎಂದು ಕೇಳಿದರು. ನಾನು ಬಸ್ಸಿನಲ್ಲಿ ಗೀಚಿದ್ದ ಚಿತ್ರ ತೋರಿಸಿದೆ. ಅದನ್ನು ಅವರು ತಿರುಗಿಸಿ ಮುರುಗಿಸಿ ನೋಡಿ ಹಿಂದಕ್ಕೆ ಕೊಟ್ಟರು.

ಬಾಲ್ಯದಿಂದಲೂ ಇದೇ ಕತೆ. ನಾನು ಸೂರ್ಯನ ಚಿತ್ರ ಬರೆದು ತಂದರೆ ಅಪ್ಪ ಕೈವಾರ ತಂದುಕೊಡುತ್ತಿದ್ದರು. ಅವರ ಬಾಯಿಂದ ಒಮ್ಮೆಯಾದರೂ "ಚಲೋ ಅದ" ಎಂಬ ಮಾತು ಬೀಳಲೆಂದು ನಾನು ಎಷ್ಟು ಕಾದಿದ್ದೇನೆಂದರೆ, ಅದನ್ನು ಹೇಳಿಕೊಳ್ಳಲೂ ನಾಚಿಕೆಯಾಗುತ್ತದೆ. ಕಾರ್ಖಾನೆಯಲ್ಲಿ ಕೆಟ್ಟ ಭಾಗ ಒಳ್ಳೆಯದರೊಳಗೆ ಸೇರದಂತೆ ಕೆಂಪು ಬಣ್ಣ ಹಚ್ಚುವ ಪದ್ಧತಿಯಂತೆ. ಅಪ್ಪ ಸೊಸೆಯನ್ನು ಕರೆದು, "ಯವ್ವಾ, ನಿನ್ನ ಉಗುರಿನ ಬಣ್ಣ ಒಂದೀಟು ಕೊಡ್ತಿ?" ಎಂದರು. ಒಂದು ಕಿವಿ ತುಸು ಉದ್ದವಾದ ನರಿ, ಕಣ್ಣು ಮೇಲೆ ಕೆಳಗಾದ ನರಿ, ಹತ್ತಕ್ಕೆ ಎರಡೋ ಮೂರೋ, ಎಡಪಾದದ ಅಡಿಯಲ್ಲಿ ಸಾಸಿವೆಯಷ್ಟು ಕೆಂಪು ಚುಕ್ಕೆ ಹೊತ್ತು ಬೇರೆ ತಟ್ಟೆಗೆ ಹೋಗುತ್ತಿದ್ದವು. ಅವರು ಅತ್ತ ವಾಕಿಂಗಿಗೆ ಹೋದೊಡನೆ ನಾನು ಚುಕ್ಕೆ ಒರೆಸಿ ಮತ್ತೆ ಇತ್ತ ಸೇರಿಸುತ್ತಿದ್ದೆ. ಮನೆಯಲ್ಲಿ ಶಾಂತಿ ಇತ್ತು.

ಒಮ್ಮೆ ಪುಣೆಯ ಪ್ರದರ್ಶನಕ್ಕೆ ಹೊರಡುವ ಗಡಿಬಿಡಿಯಲ್ಲಿ ಒರೆಸುವುದು ಮರೆತುಹೋಯಿತು. ಅಲ್ಲಿ ಒಬ್ಬ ಸಂಗ್ರಾಹಕ ಮಹಾಶಯರು ನರಿಯನ್ನು ಅಡಿಮೇಲು ಮಾಡಿ, ಇನ್ನೊಂದನ್ನೂ ಅಡಿಮೇಲು ಮಾಡಿ, ದನಿ ತಗ್ಗಿಸಿ, ಈ ಅಪರೂಪದ ಕೆಂಪು ಗುರುತಿನವು ಎಷ್ಟು ಇವೆ ಎಂದು ಕೇಳಿದರು. ನಾನು ತಬ್ಬಿಬ್ಬಾಗಿ ಸುಮ್ಮನೆ ನಿಂತೆ. ನನ್ನ ಇಡೀ ವೃತ್ತಿಜೀವನದಲ್ಲಿ ನಾನು ಮಾಡಿದ ಅತಿ ಲಾಭದಾಯಕ ಕೆಲಸವೆಂದರೆ ಆ ಸುಮ್ಮನಿರುವಿಕೆ. ಮಧ್ಯಾಹ್ನದೊಳಗೆ ಕೆಂಪು ಚುಕ್ಕೆಯವು ಖಾಲಿ. ಅಪ್ಪ ಪಾಸು ಮಾಡಿದವು ಸಾಲಾಗಿ ಕುಳಿತು ನನ್ನನ್ನೇ ನೋಡುತ್ತಿದ್ದವು. ವಾರ ಕಳೆಯುವುದರೊಳಗೆ ಪುಣೆಯ ಅಂಗಡಿಯವನೊಬ್ಬ ಫೋನ್ ಮಾಡಿ, ದೀಪಾವಳಿಗೆ ಕೆಂಪು ಚುಕ್ಕೆಯವೇ ಬೇಕು, ಸಾದಾ ನರಿ ಬೇಡ, ಕೊಟ್ಟರೆ ವರ್ಷಪೂರ್ತಿ ಮಾಲು ತೆಗೆದುಕೊಳ್ಳುತ್ತೇನೆ ಎಂದ. ಸೀರೆ ಅಂಗಡಿ ತಪ್ಪಿತು ಎಂದು ನಾನು ಸುನಂದಾಳಿಗೆ ಪೇಡೆ ತಂದುಕೊಟ್ಟೆ.

ಚುಕ್ಕೆ ನಾನೇ ಇಡಬಹುದಲ್ಲ ಎಂದು ನೀವು ಕೇಳಬಹುದು. ಇಟ್ಟೆ. ಮಾದರಿಗೆಂದು ಒಂದೆರಡು ಪುಣೆಗೆ ಕಳಿಸಿಯೂ ಕಳಿಸಿದೆ. ಅಲ್ಲಿನ ಸಂಗ್ರಾಹಕರು ಭೂತಗನ್ನಡಿ ಹಿಡಿದು ಹೋಲಿಸಿ, ಹಳೆಯ ಚುಕ್ಕೆ ದುಂಡಗಿದೆ, ಹೊಸದಕ್ಕೆ ಬಾಲವಿದೆ ಎಂದು ಕಂಡುಹಿಡಿದರು. ಯಾರೋ ನಿಮ್ಮ ನರಿಯ ನಕಲು ಮಾಡುತ್ತಿದ್ದಾರೆ, ಎಚ್ಚರವಾಗಿರಿ ಎಂದು ನನಗೇ ಇಮೇಲ್ ಬಂತು. ಕಳ್ಳನನ್ನು ಬಿಡುವುದಿಲ್ಲವೆಂದು ಅವರಿಗೆ ಮಾತು ಕೊಟ್ಟೆ.

ಬೇರೆ ದಾರಿಯಿಲ್ಲದೆ ಅಪ್ಪನಿಗೆ ಎಲ್ಲ ಹೇಳಿದೆ. ಅವರ ಮುಖ ಬಿಳಿಚಿಕೊಂಡಿತು. "ರಿಜೆಕ್ಟ್ ಮಾಲು ಮಾರ್ದೇನೋ?" ಎಂದರು. ಊಟಕ್ಕೆ ಕುಳಿತಾಗ ಸುನಂದಾ, "ಮಾವಾರ, ನೀವು ಕೆಂಪು ಹಚ್ಚಲಿಲ್ಲಂದ್ರ ಇವ್ರು ನಮ್ಮಪ್ಪನ ದುಕಾನದಾಗ ಕೂಡಬೇಕಾಗ್ತದ್ರಿ. ಆಮ್ಯಾಲ ದುಕಾನಾ ಉಳಿಯಂಗಿಲ್ಲ" ಎಂದಳು. ತವರಿನ ಮೇಲಿನ ಪ್ರೀತಿಯಿಂದಲೇ ಹೇಳಿದಳು. ಅಪ್ಪ ತಟ್ಟೆ ಪಕ್ಕಕ್ಕೆ ಸರಿಸಿ, "ಕೆಟ್ಟಿದ್ರ ಕೆಂಪು ಹಚ್ತೀನಿ. ಚಲೋ ಇದ್ದದ್ದಕ್ಕ ಸುಳ್ಳು ಕೆಂಪು ಮಾತ್ರ ನನ್ನ ಕೈಲಿಂದ ಆಗಂಗಿಲ್ಲ" ಎಂದರು. ನನಗೆ ಅಷ್ಟೇ ಸಾಕಾಗಿತ್ತು. ಕೆಟ್ಟದಾಗಿ ಕೆಲಸ ಮಾಡುವುದರಲ್ಲಿ ನನಗೆ ನನ್ನ ಮೇಲೆ ಅಪಾರ ನಂಬಿಕೆ.

ಕಾರ್ಖಾನೆಯಿಂದ ನರಿಗಳ ಹೊಸ ಕಂತು ಬಂತು, ಉಜ್ಜಿ ಬಣ್ಣ ಬಳಿಯಲು ಕುಳಿತೆ. ಆದರೆ ಕೈ ಮಾತು ಕೇಳಲಿಲ್ಲ. ಇಷ್ಟು ದಿನ ಅಪ್ಪ ಕಿವಿ ಉದ್ದ, ಕಣ್ಣು ಓರೆ ಎಂದು ಗೊಣಗಿ ಗೊಣಗಿ, ನನಗೇ ಗೊತ್ತಿಲ್ಲದಂತೆ ಉಜ್ಜುಕಾಗದವೂ ಕುಂಚವೂ ಸರಿಯಾದ ಜಾಗದಲ್ಲೇ ಹೋಗಿ ನಿಲ್ಲುತ್ತಿದ್ದವು. ಗಾಬರಿಯಾಗಿ ಒಂದು ನರಿಗೆ ಬೇಕೆಂದೇ ಸೊಟ್ಟ ಕಣ್ಣು ಬರೆದೆ. ಅಪ್ಪ ಅದನ್ನು ಬೆಳಕಿಗೆ ಹಿಡಿದು ನೋಡಿ, "ಇದು ತಪ್ಪಲ್ಲೋ ತಮ್ಮಾ, ನಾಟಕ. ಒರಸಿ ತಗೊಂಡು ಬಾ" ಎಂದು ಮರಳಿಸಿದರು. ನಾನು ಒರೆಸಿ ಮತ್ತೆ ಬರೆದೆ. ಈ ಸಲ ಇನ್ನೂ ಚೆನ್ನಾಗಿ ಬಂತು.

ಅಪ್ಪ ಇಡೀ ದಿನ ಅಳೆದರು. ಸಂಜೆ ತಟ್ಟೆಗಳನ್ನೆಲ್ಲ ನನ್ನ ಮುಂದೆ ತಂದಿಟ್ಟು, ಕನ್ನಡಕ ತೆಗೆದು ಬನಿಯನ್ನಿಗೆ ಒರೆಸುತ್ತಾ, "ಒಂದರಾಗೂ ತಪ್ಪಿಲ್ಲೋ. ಚಲೋ ಅವ" ಎಂದರು. ನನಗೆ ಅಳು ತಡೆಯಲಾಗಲಿಲ್ಲ. ಖುಷಿಗೋ ದುಃಖಕ್ಕೋ ಎಂದು ಸುನಂದಾ ಕೇಳಿದಳು, ಗೊತ್ತಿದ್ದರೆ ಹೇಳುತ್ತಿದ್ದೆ. ಅಪ್ಪ ಬೆನ್ನು ತಟ್ಟಿ, "ಇಷ್ಟಕ್ಕ ಯಾಕ ಅಳ್ಲತ್ತಿ, ಹುಚ್ಚಾ" ಎಂದರು.

ಅಷ್ಟರಲ್ಲಿ ಪುಣೆಯವನ ಫೋನು. ಕೆಂಪು ಚುಕ್ಕೆಯವು ಎಷ್ಟಾದವು ಎಂದು ಕೇಳಿದ. ಅಪ್ಪ ಪಕ್ಕದಲ್ಲೇ ನಿಂತಿದ್ದರು. "ಒಂದೂ ಇಲ್ಲ" ಎಂದೆ. ಆ ಮಾತಿನಲ್ಲಿದ್ದ ಜಂಬ ಕೇಳಿ ನನಗೇ ಗಾಬರಿಯಾಯಿತು. ಆ ಕಡೆಯವನಿಗೆ ಕೇಳಿಸಲಿಲ್ಲವೇನೋ, ಇನ್ನೊಮ್ಮೆ ಕೇಳಿದ. ನಾನು ಇನ್ನೂ ಗಟ್ಟಿಯಾಗಿ, ಅಪ್ಪನ ಕಡೆ ನೋಡುತ್ತಾ, "ಒಂದೇ ಒಂದೂ ಇಲ್ಲ!" ಎಂದು ಕೂಗಿದೆ. ಸುನಂದಾ ಒಳಗೆ ಹೋಗಿ, ಸೀರೆ ಅಂಗಡಿಯಲ್ಲಿ ಕೂರಲು ನನ್ನ ಅಂಗಿಗಳಲ್ಲಿ ಬಣ್ಣ ಮೆತ್ತದವು ಎಷ್ಟಿವೆ ಎಂದು ಹುಡುಕತೊಡಗಿದಳು.