ಡ್ರಾಯಿಂಗ್ ಮಾಷ್ಟ್ರ ಕಪ್ಪೆಗಳು

ನಾನು ಮಕ್ಕಳಿಗೆ ಚಿತ್ರ ಕಲಿಸಲು ಹೊರಟಾಗಲೆಲ್ಲ ಮೊದಲು ಪಾಠವಾಗುವುದು ನನಗೇ. ಕಾಮೋಠೆಯ ನಮ್ಮ ಕನ್ನಡ ಸಂಘದ ಹಾಲ್‌ನಲ್ಲಿ ಭಾನುವಾರ ನನ್ನ ಡ್ರಾಯಿಂಗ್ ಕ್ಲಾಸು. ಈ ಮಳೆಗಾಲ ಸಂಘದ ಅಧ್ಯಕ್ಷರು, ಉಡುಪಿ ಕಡೆಯವರು, ಕರೆದು ಹೇಳಿದರು: “ಮಾಷ್ಟ್ರೇ, ಝುಂಬಾ ಡ್ಯಾನ್ಸಿನವರು ಹಾಲ್ ಕೇಳ್ತಾ ಇದ್ದಾರೆ ಮಾರಾಯ್ರೆ. ವಾರ್ಷಿಕೋತ್ಸವದಲ್ಲಿ ನಿಮ್ಮ ಮಕ್ಕಳದ್ದು ಏನಾದ್ರೂ ಮಾಡಿ ತೋರಿಸಿ. ಇಲ್ಲದಿದ್ರೆ ಹಾಲ್ ಅವರಿಗೆ.”

ಹೊರಗೆ ಕಪ್ಪೆ ವಟಗುಟ್ಟುತ್ತಿತ್ತು. ಬೇರೇನೂ ಹೊಳೆಯದೆ, “ನಮ್ಮೂರ ಕಪ್ಪೆಗಳು ಅಂತ ಮಾಡ್ತೇವೆ” ಎಂದುಬಿಟ್ಟೆ.

ಹಳದಿ

ಮೊದಲ ದಿನವೇ ಒಬ್ಬಳು ಹುಡುಗಿ ಕಪ್ಪೆಗೆ ಅಪ್ಪಟ ನಿಂಬೆಹಳದಿ ಬಳಿದಿದ್ದಳು. “ಕಪ್ಪೆ ಹಸಿರಮ್ಮಾ” ಎಂದು ಅದರ ಮೇಲೆ ನಾನೇ ಹಸಿರು ಬಳಿದೆ. ಅವಳು ನನ್ನನ್ನು ಕಿಟಕಿಯ ಬಳಿಗೆ ಎಳೆದೊಯ್ದಳು. ಹಿಂದಿನ ಖಾಲಿ ಪ್ಲಾಟಿನಲ್ಲಿ ನಿಂತ ಮಳೆನೀರಿನಲ್ಲಿ ಗಂಡು ಕಪ್ಪೆಗಳೆಲ್ಲ ಅರಿಶಿನ ಹಚ್ಚಿಕೊಂಡ ಮದುಮಕ್ಕಳ ಹಾಗೆ ಕೂತಿದ್ದವು. ಇಷ್ಟು ವರ್ಷ ನಾನು ಕಲಿಸಿದ್ದು ಬರೀ ಪುಸ್ತಕದ ಕಪ್ಪೆ.

“ಅಬ್ ಇನ್‌ಕೋ ಭೀ ಗ್ರೀನ್ ಕರೋಗೇ, ಸರ್?” ಇವಕ್ಕೂ ಹಸಿರು ಬಳಿಯುತ್ತೀರಾ ಎಂದು ಹುಡುಗಿ ಕೇಳಿದಳು.

ಲೋಕಲ್‌ನಲ್ಲಿ

ಇನ್ನು ಮುಂದೆ ನೋಡಿಯೇ ಬರೆಸಬೇಕು ಎಂದು ಮಾಜಿವಾಡಾದಲ್ಲಿ ನಾನಿರುವ ಹೌಸಿಂಗ್ ಸೊಸೈಟಿಯ ತೋಟದಲ್ಲಿ ಒಂದು ಕಪ್ಪೆ ಹಿಡಿದು, ತೂತು ಮಾಡಿದ ಡಬ್ಬಿಯಲ್ಲಿ ಹಾಕಿಕೊಂಡು ಕ್ಲಾಸಿಗೆಂದು ಪನ್ವೇಲ್ ಲೋಕಲ್ ಟ್ರೈನ್ ಹತ್ತಿದೆ. ಅರ್ಧ ದಾರಿಯಲ್ಲಿ ಅದು ಚೀಲದೊಳಗಿಂದ ವಟಗುಟ್ಟಲು ಶುರುಮಾಡಿತು. ಪಕ್ಕದವರು ಅದನ್ನು ರಿಂಗ್‌ಟೋನ್ ಎಂದುಕೊಂಡು, ಫೋನ್ ಎತ್ತಿ ಎಂದು ರೇಗಿದರು: “ಕಾಕಾ, ಫೋನ್ ಉಚಲಾ ನಾ!”

ಕಪ್ಪೆ ಎನ್ನಲು ನಾಚಿಕೆಯಾಗಿ, ಮೊಬೈಲ್ ಎತ್ತಿ ಕಿವಿಗಿಟ್ಟು, “ಟ್ರೈನ್‌ನಲ್ಲಿದ್ದೇನೆ, ಸುಮ್ಮನಿರು!” ಎಂದು ಗದರಿದೆ. ಕಪ್ಪೆ ತಕ್ಷಣ ಸುಮ್ಮನಾಯಿತು. ನನ್ನ ಮಾತು ಕೇಳಿದ ಮೊದಲ ವಿದ್ಯಾರ್ಥಿ ಅದೇ.

ಚಪ್ಪಾಳೆ

ವಾರ್ಷಿಕೋತ್ಸವದ ದಿನ ಮಕ್ಕಳೆಲ್ಲ ಹಳದಿ ಅಂಗಿ ತೊಟ್ಟು ತಾವೇ ಕಪ್ಪೆಗಳಾಗಿ, ತಾವು ಬರೆದ ಚಿತ್ರಗಳ ಜೊತೆ ಪರದೆಯ ಹಿಂದೆ ಕುಕ್ಕರುಗಾಲಲ್ಲಿ ಕೂತಿದ್ದರು. “ಚಪ್ಪಾಳೆ ಕೇಳಿದ ಕೂಡಲೇ ವಟಗುಟ್ಟಿ” ಎಂದಿದ್ದೆ. ನಮ್ಮ ಸಂಘದಲ್ಲಿ ಭಾಷಣ ಮುಗಿಯದೆ ಪರದೆ ಏಳುವುದಿಲ್ಲ ಎಂಬುದನ್ನು ಮರೆತಿದ್ದೆ.

ಮುಖ್ಯ ಅತಿಥಿಗಳು ತಮ್ಮ ಬಾಲ್ಯದಿಂದ ಆರಂಭಿಸಿದರು. ಜನ ಚಪ್ಪಾಳೆ ತಟ್ಟಿದರು. ಹಿಂದಿನಿಂದ “ವಟ್ರ್, ವಟ್ರ್!” ಅತಿಥಿಗಳು ಹೈಸ್ಕೂಲು ತಲುಪಿದರು. ಮತ್ತೆ ಚಪ್ಪಾಳೆ, ಮತ್ತೆ “ವಟ್ರ್!” ಪಾಪ, ಕಾಲೇಜು ಸೇರದೆಯೇ ಕೂತುಬಿಟ್ಟರು.

ಹಾಲ್ ಹೋಯಿತು ಎಂದು ನಾನು ಬೆವರುತ್ತಿದ್ದೆ. ಅಧ್ಯಕ್ಷರು ಬಂದು ಕೈ ಹಿಡಿದುಕೊಂಡರು. “ಮಾಷ್ಟ್ರೇ, ನಮ್ಮಲ್ಲಿ ಭಾಷಣ ಇಷ್ಟು ಬೇಗ ಮುಗಿದದ್ದು ಇದೇ ಮೊದಲು ಮಾರಾಯ್ರೆ! ಹಾಲ್ ನಿಮಗೇ.”

ಖುಷಿ ತಡೆಯಲಾಗಲಿಲ್ಲ. ಮೈಕ್ ಹಿಡಿದು, ಕಲಾಶಿಕ್ಷಣದ ಬಗ್ಗೆ ಎರಡೇ ಮಾತು ಎಂದು ಶುರುಮಾಡಿದೆ. ಎರಡು ಇಪ್ಪತ್ತಾಗುವಷ್ಟರಲ್ಲಿ ಮುಂದಿನ ಸಾಲಿನಲ್ಲಿ ಯಾರೋ ಒಬ್ಬರೇ ಚಪ್ಪಾಳೆ ತಟ್ಟಿದರು. ಪರದೆಯ ಹಿಂದೆ ಇಡೀ ಕೆರೆಯೇ ವಟಗುಟ್ಟಿತು.

ತಟ್ಟಿದ್ದು ನನ್ನ ಹೆಂಡತಿ.