ಬದುಕಿರುವ ತಮ್ಮನ ಫೋಟೋಗೆ ಹಾರ

ನಾನು ಓದಿದ್ದು ನಾಲ್ಕನೇ ಕ್ಲಾಸು. ಆದರೆ ಯಾವುದು ಶುಭ, ಯಾವುದು ಅಶುಭ ಎಂದು ನನಗೆ ಯಾರೂ ಹೇಳಿಕೊಡಬೇಕಾಗಿಲ್ಲ!

ನನ್ನ ತಮ್ಮ ಮಂಜುನಾಥ ನಟ. ಹೀರೋ ಅಲ್ಲ. ಸಿನಿಮಾದಲ್ಲಿ ಹೀರೋ ದಾರಿ ಕೇಳಿದರೆ ಕೈ ತೋರಿಸುವವನು. ವರ್ಷಗಟ್ಟಲೆ ಹಾಗೆ ಕೈ ತೋರಿಸಿದ ಮೇಲೆ ಒಂದು ಧಾರಾವಾಹಿಯಲ್ಲಿ ಹೀರೋಯಿನ್ನಿನ ಸೋದರಮಾವನಾದ. ಮಾತು ಶುರುವಾಗುವಷ್ಟರಲ್ಲಿ ಅವನಿದ್ದ ಬಸ್ಸು ಕಮರಿಗೆ ಬಿತ್ತು! ಮಾರನೇ ದಿನ ಟೀವಿ ನೋಡಿದರೆ ಅವನ ಫೋಟೋಗೆ ಗಂಧದ ಹಾರ, ಮುಂದೆ ದೀಪ. ಕಡೂರಿನಲ್ಲಿ ಗುಂಡುಕಲ್ಲಿನ ಹಾಗಿರುವ ನನ್ನ ತಮ್ಮನಿಗೆ!

“ಅದು ನಾಟ್ಕ ಕಣೇ, ಸುಮ್ನಿರು” ಎಂದರು ಯಜಮಾನರು.

“ನಿಮ್ ತಂಗಿ ಫೋಟೋಗೆ ಹಾಕ್ಲಿ ಹಾರ, ಆಗ ಸುಮ್ನಿರಿ ನೋಡಾಣ!”

ಶೂಟಿಂಗ್ ನಡೆಯುತ್ತಿದ್ದದ್ದು ತರೀಕೆರೆಯ ಒಂದು ಹಳೇ ಮನೆಯಲ್ಲಿ. ಅಜ್ಜಂಪುರದಿಂದ ಬಸ್ಸು ಹತ್ತಿ ಹೋದೆ. ಮಂಜುನಾಥನ ಅಕ್ಕ ಎಂದಿದ್ದಕ್ಕೆ ಕೂರಿಸಿ ಕಾಫಿ ಕೊಟ್ಟರು. ಕುಡಿದೆ. ಎಲ್ಲರೂ ಊಟಕ್ಕೆ ಎದ್ದಾಗ ಕುರ್ಚಿ ಹತ್ತಿ ಹಾರ ಕಿತ್ತೆ. ಈ ಜನ ಇನ್ನೊಂದು ಹಾಕಿದರೆ? ಫೋಟೋವನ್ನೂ ಬ್ಯಾಗಿಗೆ ಸೇರಿಸಿದೆ. ಯಮನ ಕೈಯಿಂದ ತಮ್ಮನನ್ನು ಬಿಡಿಸಿಕೊಂಡವಳ ಹಾಗೆ ಕಿಟಕಿ ಪಕ್ಕ ಕುಳಿತು ಊರಿಗೆ ಬಂದೆ. ಮನೆಗೆ ಬಂದವಳೇ ಉಪ್ಪು ಮೆಣಸಿನಕಾಯಿ ನಿವಾಳಿಸಿ ಫೋಟೋಗೆ ದೃಷ್ಟಿಯನ್ನೂ ತೆಗೆದೆ!

ಸ್ವಲ್ಪ ದಿನಕ್ಕೆ ತಮ್ಮ ಓಡಿ ಬಂದ.

“ಅಕ್ಕಾ, ಫೋಟೋ ನೀನು ತಂದ್ಯೇನೇ?”

“ತಂದೆ. ಬದುಕಿರೋನಿಗೆ ಹಾರ ಹಾಕೋಕೆ ಅವ್ರ್ಯಾರು?”

“ಕತೇಲೂ ನಾನು ಸತ್ತಿರ್ಲಿಲ್ಲ ಕಣೇ! ನೆನಪು ಹೋಗಿ ಎಲ್ಲೋ ಇರ್ತೀನಿ. ಮುಂದಿನ ತಿಂಗ್ಳು ಬಂದು ಆಸ್ತಿ ಕೇಳೋದಿತ್ತು. ಆಮೇಲೆ ದಿನಾ ನಾನೇ ಇರ್ತಿದ್ದೆ! ಯಾರಿಗೂ ಹೇಳ್ಬೇಡ ಅಂದಿದ್ರು.”

ನಾನು ಸೋಲೊಪ್ಪಲಿಲ್ಲ. “ಈಗ ಹೋಗಿ ಕೇಳು. ಬೇಡಾಂದೋರ್ಯಾರು?”

“ಅವತ್ತು ಊಟ ಆದ್ಮೇಲೆ ಫೋಟೋ ಮುಂದೆ ಹೀರೋಯಿನ್ ಅಳೋ ಸೀನಿತ್ತು. ಫೋಟೋ ಇಲ್ಲ. ನಾನು ಹೆಬ್ಬೆ ಕಾಡಿನ ಕಡೆ ಸಿನಿಮಾದಲ್ಲಿ ಕೈ ತೋರಿಸ್ತಿದ್ದೆ, ಫೋನ್ ಸಿಗ್ಲಿಲ್ಲ. ಅಲ್ಲೇ ಶೂಟಿಂಗಿಗೆ ಅಡುಗೆ ಮಾಡ್ತಿದ್ದೋನ ಫೋಟೋ ತೂಗ್ಹಾಕಿಬಿಟ್ರು! ಅವಳು ಅದನ್ನ ತಬ್ಕೊಂಡು ‘ಮಾವಾ’ ಅಂತ ಅತ್ತಿದ್ದು ಟೀವೀಲಿ ಬಂದ್ಹೋಯ್ತು. ಈಗ ಸತ್ತೋನೂ ಅವನೇ, ಬದುಕಿ ಬರೋನೂ ಅವನೇ!”

ಬಂದೂಬಿಟ್ಟ. ಈಗ ದಿನಾ ಸಂಜೆ ನನ್ನ ತಮ್ಮನ ಜಾಗದಲ್ಲಿ ಸಾಂಬಾರು ಕುದಿಸುತ್ತಿದ್ದವನು ರೇಷ್ಮೆ ಶಲ್ಯ ಹೊದ್ದು ಆಸ್ತಿ ಕೇಳುತ್ತಾನೆ. ಎಂಥ ಅನ್ಯಾಯ! ಅದರ ಮೇಲೆ, ಹಾಳಾದವನು ಚೆನ್ನಾಗಿಯೇ ಮಾಡುತ್ತಾನೆ.

ನಿನ್ನೆ ತಮ್ಮ ನಮ್ಮ ಮನೆಯಲ್ಲೇ ಇದ್ದ. ನಾನು ಟೀವಿಗೆ ಲಟಿಕೆ ಮುರಿದು ಬೈಯುತ್ತಿದ್ದೆ.

“ಬೈಬೇಡ ಕಣಕ್ಕ” ಎಂದ. “ಅವನಿಗೂ ಒಬ್ಳು ಅಕ್ಕ ಇರ್ತಾಳೆ. ಪಾಪ, ಅವಳ ಪಾಡಿಗೆ ಅವಳು ಸುಮ್ನೆ ಮನೇಲಿದ್ಲು. ಅದಕ್ಕೇ ಅವನು ಉದ್ಧಾರ ಆದ.”

ನಾನು ಟೀವಿಯ ಸೌಂಡು ಜಾಸ್ತಿ ಮಾಡಿದೆ.