ಸಾವಿನ ದೃಶ್ಯಕ್ಕೆ ಪಿಟೀಲು

ಬಾಗಿಲಿಗೆ ಚಿಲಕ ಹಾಕಿದ್ದರೆ ಇದೊಂದೂ ಆಗುತ್ತಿರಲಿಲ್ಲ. ಆದರೆ ನಮ್ಮ ಸಂಗೀತ ಸಂಯೋಜಕ ಕಲಾವಿದ. ಚಿಲಕದಂಥ ಕ್ಷುಲ್ಲಕ ವಿಷಯಗಳು ಅವನಿಗೆ ಹೊಳೆಯುವುದಿಲ್ಲ.

ಅವನ ಕಛೇರಿಗಳಿಗೆ ಬರುತ್ತಿದ್ದವರು ನೆಂಟರು. ಅವನು ಸಂಗೀತ ಕೊಟ್ಟ ಸಣ್ಣ ಸಿನಿಮಾಗಳನ್ನು ನೋಡುತ್ತಿದ್ದವರು ಅವನ್ನು ತೆಗೆದವರು. ಇಂಥ ಖ್ಯಾತಿಯ ದಿನಗಳಲ್ಲೇ ನಿರ್ದೇಶಕನೊಬ್ಬ ಫೋನ್ ಮಾಡಿ, ಸಾವಿನ ದೃಶ್ಯಕ್ಕೆ ಸಂಜೆಯೊಳಗೆ ಸಂಗೀತ ಬೇಕೆಂದ.

ಮಾವನವರು ಊಟ ಮುಗಿಸಿ ಒಳಕೋಣೆಯಲ್ಲಿ ಮಲಗಿದ್ದರು. ಸಂಯೋಜಕ ಮುಂದಿನ ಕೋಣೆಯ ಕಿಟಕಿಗೆ ಕಂಬಳಿ ಕಟ್ಟಿ, ಮೈಕು ನಿಲ್ಲಿಸಿ, ಪಿಟೀಲು ಎತ್ತಿಕೊಂಡ. ಅಳಿಯನ ಕಲೆಯನ್ನು ಚೆನ್ನಾಗಿ ಬಲ್ಲ ಮಾವ ಹೊದಿಕೆಯನ್ನು ತಲೆಯ ಮೇಲೆ ಎಳೆದುಕೊಂಡರು.

ಪಿಟೀಲು ಅಂದು ನಿಜಕ್ಕೂ ಚೆನ್ನಾಗಿ ಅತ್ತಿತು. ಎಷ್ಟೆಂದರೆ, ಕಟ್ಟಡದವರೆಲ್ಲ 'ವಾರ್ತೆಯಕ್ಕ' ಎಂದು ಕರೆಯುವ ಕೆಳಮನೆಯಾಕೆ ಒಲೆ ಆರಿಸಿ ಮೇಲೆ ಬಂದಳು. ಕತ್ತಲು ಮಾಡಿದ ಕೋಣೆ, ಕಣ್ಣು ಮುಚ್ಚಿಕೊಂಡ ಅಳಿಯ, ಒಳಗೆ ಮುಸುಕೆಳೆದ ಮಾವ. ಆಕೆಗೆ ಇನ್ನೇನು ಬೇಕು? ಫೋನು ತೆಗೆದಳು.

ಸಂಯೋಜಕ ಕಣ್ಣು ಬಿಟ್ಟಾಗ ಕೋಣೆ ತುಂಬಿತ್ತು. ಬಿಟ್ಟಿ ಟಿಕೆಟ್ಟು ಕೊಟ್ಟರೂ ಕಛೇರಿಗೆ ಬಾರದವರು ಕರೆಯದೆ ಬಂದು ಸಾಲಾಗಿ ಕೂತಿದ್ದರು. ಮಾತಾಡಿದರೆ ರೆಕಾರ್ಡಿಂಗ್ ಕೆಡುತ್ತದೆ. ನುಡಿಸುತ್ತಲೇ, ಏನೂ ಆಗಿಲ್ಲವೆಂದು ಅಡ್ಡಡ್ಡ ತಲೆಯಾಡಿಸಿದ.

"ಇನ್ನಿಲ್ಲ ಅಂತಿದಾರೆ," ಎಂದು ವಾರ್ತೆಯಕ್ಕ ಎಲ್ಲರಿಗೂ ಬಿಡಿಸಿ ಹೇಳಿ, ಒಳಕೋಣೆಯ ಬಾಗಿಲಲ್ಲಿ ಕುಸಿದು, "ಅಣ್ಣಾ, ಹೇಳದೆ ಹೋಗ್ಬಿಟ್ರಲ್ಲಾ," ಎಂದು ರಾಗ ತೆಗೆದಳು. ಉಳಿದವರು ದನಿಗೂಡಿಸಿದರು. ಪಿಟೀಲು ಪಟ್ಟು ಬಿಡದೆ ಜೊತೆಗೇ ನಡೆಯಿತು.

ಒಳಗೆ ಹೊದಿಕೆ ಅಲುಗಿತು. ಮಾವ ಎದ್ದು ಬಂದು ಕಣ್ಣುಜ್ಜಿಕೊಂಡು ಕೇಳಿದರು: "ಯಾರಮ್ಮಾ ಹೋಗಿದ್ದು?"

ಆಮೇಲೆ ಬೈಗುಳವೆಲ್ಲ ಅಳಿಯನ ಪಾಲಿಗೆ ಬಂತು. ಬದುಕಿರುವವರ ಮನೆಯಲ್ಲಿ ಇಂಥದ್ದನ್ನು ನುಡಿಸುತ್ತಾರೆಯೇ ಎಂದು ಕೇಳಿದ ಮನೆ ಮಾಲೀಕರು, ಇನ್ನು ಈ ಮನೆಯಲ್ಲಿ ಪಿಟೀಲು ಮುಟ್ಟಕೂಡದೆಂದು ಅಪ್ಪಣೆ ಮಾಡಿ ಹೋದರು. ಮತ್ತೆ ನುಡಿಸುವಂತಿಲ್ಲ, ಸಂಜೆಯೂ ಆಗಿತ್ತು. ಬೇರೆ ದಾರಿ ಕಾಣದೆ ಆ ಗದ್ದಲವನ್ನೇ ನಿರ್ದೇಶಕನಿಗೆ ಕಳಿಸಿ, ಉಗಿಸಿಕೊಳ್ಳಲು ಸಿದ್ಧನಾಗಿ ಕೂತ.

ಫೋನು ಬಂತು. ನಿರ್ದೇಶಕನದೇ. "ಏನ್ ಸಾರ್ ಇದು, ನಮ್ಮ ಎಡಿಟರ್ ಇನ್ನೂ ಕಣ್ಣೊರೆಸ್ಕೋತಾ ಇದಾನೆ. ಇಂಥದ್ದು ನಾನು ಕೇಳೇ ಇಲ್ಲ."

ಸಂಯೋಜಕನ ಎದೆ ಉಬ್ಬಿತು. ಕೊನೆಗೂ ಒಬ್ಬ ರಸಿಕ ಸಿಕ್ಕಿದ.

"ಒಂದೇ ಒಂದು ತೊಂದರೆ," ಎಂದ ನಿರ್ದೇಶಕ. "ಆ ಅಕ್ಕ ಅಷ್ಟು ಚೆನ್ನಾಗಿ ಅಳ್ತಿದ್ರೆ, ಹಿಂದೆ ಯಾರೋ ಪಿಟೀಲು ಕುಯ್ತಾ ಇದಾನೆ. ಅವನನ್ನ ತೆಗೆದುಬಿಡಿ. ಆಮೇಲೆ ಅಕ್ಕನ ನಂಬರ್ ಕಳಿಸಿ, ಮುಂದಿನ ಸಿನಿಮಾಕ್ಕೆ ಸಂಗೀತ ಅವರದ್ದೇ."